ಬೆಕ್ಕಿಗೆ ಮೂತ್ರ ಕಟ್ಟಿದಾಗ

ಲಕ್ಷ್ಮೇಶ್ವರದ ನಮ್ಮ ಮನೆಯಲ್ಲಿ ಬೆಕ್ಕು ಸಾಕಿದ್ದು ಮುದ್ದಿಗಲ್ಲ, ಇಲಿಗಳ ಕಾಟಕ್ಕೆ. ಮನೆಯ ಮುಂದಿನ ಭಾಗವೇ ಕಾಳಿನ ಅಂಗಡಿ. ಒಳಗೆ ಕಡಲೆ, ಹೆಸರು, ಜೋಳದ ಚೀಲಗಳನ್ನು ಒಂದರ ಮೇಲೊಂದು ಒಟ್ಟಿರುತ್ತಾರೆ. ನಾನು ಮದುವೆಯಾಗಿ ಬಂದಾಗಿನಿಂದ ಆ ಚೀಲಗಳ ಸಂದಿಯಲ್ಲಿ ಒಂದಲ್ಲ ಒಂದು ಬೆಕ್ಕು ಇದ್ದೇ ಇದೆ. ಈಗಿನದು ಗಂಡು, ಕೇಸರಿ ಬಣ್ಣದ್ದು, ಅಗಲ ಮುಖದ್ದು. ಯಾರೂ ಅದಕ್ಕೆ ಹೆಸರಿಟ್ಟಿಲ್ಲ. ನಮ್ಮ ಮಾವನವರು "ಲೇ" ಎಂದರೆ ಎಲ್ಲಿದ್ದರೂ ಬರುತ್ತದೆ.

ಅತ್ತೆ ತೀರಿಕೊಂಡ ಮೇಲೆ ಮಾವನವರು ಅಂಗಡಿಯನ್ನು ನನ್ನ ಗಂಡನಿಗೆ ಒಪ್ಪಿಸಿ ಹಿತ್ತಿಲ ಬಾಗಿಲ ಬಳಿ ಕುರ್ಚಿ ಹಾಕಿಕೊಂಡರು. ಬೆಕ್ಕೂ ಇಲಿ ಹಿಡಿಯುವ ಕೆಲಸ ಕಡಿಮೆ ಮಾಡಿ ಅವರ ತೊಡೆ ಸೇರಿತು. "ಇದರ ಮೈ ಬೆಚ್ಚಗಿರತೈತಿ, ಅದಕ್ಕ ಕುಂಡ್ರಿಸಿಕೊಂತೀನಿ" ಎಂದು ಅವರು ಹೇಳುತ್ತಿದ್ದರು. ಸುಡು ಬೇಸಿಗೆಯಲ್ಲೂ ಅದನ್ನೇ ಹೇಳುತ್ತಿದ್ದರು.

ಅದೇ ಹೊತ್ತಿಗೆ ಅವರು ಎಲ್ಲಿಗೂ ಹೋಗುವುದನ್ನು ಬಿಟ್ಟಿದ್ದರು. ಶಿಗ್ಲಿಯ ಬೀಗರು ಮದುವೆಗೆ ಕರೆದರೆ ಮೊಣಕಾಲಿನ ನೆಪ ಹೇಳುತ್ತಿದ್ದರು. ಚಹಾ ಅರ್ಧ ಕಪ್ಪಿಗೆ ಇಳಿದಿತ್ತು. ತಂಬಿಗೆಯಲ್ಲಿ ಇಟ್ಟ ನೀರು ಇಟ್ಟಂತೆಯೇ ಇರುತ್ತಿತ್ತು. ಗಳಿಗೆಗೊಮ್ಮೆ ಎದ್ದು ಬಚ್ಚಲಿಗೆ ಹೋಗುತ್ತಿದ್ದರು, ಹೋದರೆ ಬೇಗ ಬರುತ್ತಿರಲಿಲ್ಲ. ಕಾರಣ ಮನೆಯವರಿಗೆಲ್ಲ ಗೊತ್ತಿತ್ತು. ಆದರೆ ಸೊಸೆಯಾದವಳು ಮಾವನ ಮುಂದೆ ಆ ಮಾತು ಎತ್ತುವುದು ಹೇಗೆ? ನನ್ನ ಗಂಡ ಒಮ್ಮೆ ಧೈರ್ಯ ಮಾಡಿ ಡಾಕ್ಟರ ಹೆಸರೆತ್ತಿದಾಗ, "ವಯಸ್ಸಾದ ಮ್ಯಾಲ ಎಲ್ಲಾರಿಗೂ ಇರೂದ. ಸುಮ್ಮ ಅಂಗಡಿ ನೋಡು ಹೋಗು" ಎಂದು ಬಾಯಿ ಮುಚ್ಚಿಸಿದ್ದರು.

ಬೆಕ್ಕಿನ ತೊಂದರೆಯನ್ನು ಮೊದಲು ಕಂಡವರೂ ಅವರೇ. ಹಿತ್ತಿಲಲ್ಲಿ ಕಟ್ಟಡಕ್ಕೆಂದು ತಂದು ಉಳಿದ ಉಸುಕಿನ ಗುಡ್ಡೆಯೊಂದಿತ್ತು, ಬೆಕ್ಕು ಅಲ್ಲಿಗೇ ಹೋಗುತ್ತಿತ್ತು. ನಾನು ಪಾಠ ಮುಗಿಸಿ ಶಾಲೆಯಿಂದ ಬಂದು ಚಪ್ಪಲಿ ಬಿಡುವಷ್ಟರಲ್ಲಿ ಮಾವನವರು ಕರೆದರು.

"ಇದಕ್ಕ ಏನೋ ಆಗೇತಿ ನೋಡವಾ. ಮುಂಜಾನಿಂದ ಉಸುಕಿಗೆ ಹೋಗತೈತಿ, ಬರತೈತಿ. ಮತ್ತ ಹೋಗತೈತಿ. ಕೆದರತೈತಿ, ಕುಂಡ್ರತೈತಿ, ಏನೂ ಮಾಡೂದಿಲ್ಲ."

ಏನಾದರೂ ತಿಂದು ಮಲಬದ್ಧತೆ ಆಗಿರಬೇಕು ಎಂದುಕೊಂಡೆವು. ಮರುದಿನ ಅದು ಉಸುಕನ್ನು ಬಿಟ್ಟು ಬಚ್ಚಲ ಕಲ್ಲಿನ ಮೇಲೆ ಕುಳಿತುಕೊಂಡಿತು. ಎದ್ದ ಮೇಲೆ ನೋಡಿದರೆ ನಾಲ್ಕಾರು ಹನಿ, ತಿಳಿಗೆಂಪು ಬಣ್ಣ. ಆಮೇಲೆ ಮಾವನವರ ಧೋತರದ ಮೇಲೂ ಅಂಥದೇ ಕಲೆ. ಅವರು ಬೈಯಲಿಲ್ಲ. ಬೆಕ್ಕು ಕಾಲು ಎತ್ತಿಕೊಂಡು ಕೆಳಭಾಗವನ್ನು ನೆಕ್ಕುತ್ತಲೇ ಇತ್ತು. ಮಧ್ಯಾಹ್ನದ ಹೊತ್ತಿಗೆ ಚೀಲಗಳ ಸಂದಿ ಸೇರಿ, ಅದುವರೆಗೆ ನಾವು ಕೇಳದ ಒಂದು ಮಂದ್ರ ದನಿಯಲ್ಲಿ ಕೂಗತೊಡಗಿತು. ಮಾವನವರು ನೆಲದ ಮೇಲೆ ಕೂತು ಕೈ ಚಾಚಿ ಅದರ ಹೊಟ್ಟೆ ಮುಟ್ಟಿ ನೋಡಿದರು.

"ಕಲ್ಲಿನಂಗ ಬಿಗದೈತಿ" ಎಂದರು. "ಇದಕ್ಕ ಮೂತ್ರ ಕಟ್ಟೇತಿ. ಗಾಡಿ ತಗಿ."

ಊರಿನ ಪಶು ಆಸ್ಪತ್ರೆಯ ಡಾಕ್ಟರಿಗೆ ನನ್ನ ಗಂಡ ಫೋನ್ ಮಾಡಿದರು. ಅವರು ಕೇಳಿದ್ದು ಒಂದೇ ಪ್ರಶ್ನೆ, "ಗಂಡು ಬೆಕ್ಕ ಹೌದಲ್ರಿ?" ಹೌದು ಎಂದಾಗ, "ಹಂಗಾರ ತಡಾ ಮಾಡಬ್ಯಾಡ್ರಿ. ಮೂತ್ರದ ದಾರ್‍ಯಾಗ ನಳಿಗಿ ಹಾಕಬೇಕಾಗತೈತಿ, ಗದಗಿಗೆ ಒಯ್ಯಿರಿ" ಎಂದು ಅಲ್ಲಿಯ ಬೆಕ್ಕು ನಾಯಿಗಳ ದವಾಖಾನೆಯೊಂದರ ವಿಳಾಸ ಕೊಟ್ಟರು.

ಬುಟ್ಟಿಯಲ್ಲಿ ಹಳೆಯ ಬಟ್ಟೆ ಹಾಸಿ ಬೆಕ್ಕನ್ನು ಇಟ್ಟು, ಮೇಲೆ ಇನ್ನೊಂದು ಬುಟ್ಟಿ ಮುಚ್ಚಿ ಹಗ್ಗ ಬಿಗಿದೆವು. ನಾವಿಬ್ಬರೇ ಹೋಗುವುದೆಂದು ಹೊರಟರೆ ಮಾವನವರು ಆಗಲೇ ಟೋಪಿ ಹಾಕಿಕೊಂಡು ಕಾರಿನ ಹಿಂದಿನ ಸೀಟಿನಲ್ಲಿದ್ದರು. "ಅದು ನನ್ನ ದನಿ ಕೇಳಿದರ ಸುಮ್ಮಿರತೈತಿ" ಎಂದರು. ಬುಟ್ಟಿಯನ್ನು ತೊಡೆಯ ಮೇಲೆ ಇಟ್ಟುಕೊಂಡರು.

ಶಿರಹಟ್ಟಿ ದಾಟುವ ಮೊದಲೇ ಅವರು, "ಗಾಡಿ ಒಂದೀಟು ನಿಂದರಸು" ಎಂದರು. ಬುಟ್ಟಿಯನ್ನು ನನ್ನ ಕೈಗೆ ಕೊಟ್ಟು ಹೊಲದ ಬದುವಿನ ಬೇವಿನ ಗಿಡದ ಹಿಂದೆ ಹೋದರು. ಬರಲು ತುಂಬ ಹೊತ್ತಾಯಿತು. ನಾವಿಬ್ಬರೂ ಮುಂದಿನ ಗಾಜಿನಿಂದ ರಸ್ತೆ ನೋಡುತ್ತ ಕೂತೆವು. ಸ್ವಲ್ಪ ದೂರ ಹೋದ ಮೇಲೆ ಮತ್ತೆ ನಿಲ್ಲಿಸಿದರು. ಬೆಕ್ಕು ಬುಟ್ಟಿಯಲ್ಲಿ ನರಳುತ್ತಿತ್ತು. ಅದಕ್ಕೆ ಅವಸರ, ಇವರಿಗೂ ಅವಸರ. ತಿರುಗಿ ಬಂದು ಕೂತವರು ಯಾರ ಮುಖವನ್ನೂ ನೋಡದೆ ಬುಟ್ಟಿಯ ಸಂದಿಯಲ್ಲಿ ಬೆರಳು ತೂರಿಸಿ, "ತಡಿಯಲೇ, ಬಂತು ಬಂತು" ಎಂದು ಅದಕ್ಕೆ ಸಮಾಧಾನ ಹೇಳಿದರು. ಎರಡು ಸಲ ಗಾಡಿ ನಿಲ್ಲಿಸಿ ತಮ್ಮ ಸಂಕಟವನ್ನು ನಮ್ಮೆದುರು ಇಡುವುದು ಅವರಿಗೆ ಎಷ್ಟು ಕಷ್ಟವಾಗಿರಬೇಕು.

ದವಾಖಾನೆಯಲ್ಲಿದ್ದವರು ಒಬ್ಬ ಹೆಣ್ಣು ಡಾಕ್ಟರು, ನಮ್ಮ ಕಡೆಯ ಮಾತಿನವರೇ. ಬೆಕ್ಕಿನ ಹೊಟ್ಟೆಯನ್ನು ಎರಡೂ ಕೈಯಲ್ಲಿ ಮೆಲ್ಲಗೆ ಹಿಡಿದು ನೋಡಿದರು.

"ಮೂತ್ರದ ಚೀಲ ತುಂಬಿ ಬಿಗದೈತ್ರಿ. ಗಂಡು ಬೆಕ್ಕಿಗೆ ಮೂತ್ರದ ದಾರಿ ಭಾಳ ಸಣ್ಣದು. ಉಪ್ಪಿನ ಹರಳಿನಂಥಾವು ಬಂದು ಅಲ್ಲೇ ಸಿಕ್ಕೊಂಡು ದಾರಿ ಮುಚ್ಚೇತಿ. ಹಂಗ ಬಿಟ್ಟಿದ್ರ ಕಿಡ್ನಿ ಕೆಟ್ಟು ಜೀವಕ್ಕ ಬರತಿತ್ತು. ಛಲೋ ಆತು, ಜಲ್ದಿ ತಂದ್ರಿ."

"ಅದಕ್ಕ ಭಾಳ ತ್ರಾಸ ಆಗತಿರತೈತೇನ್ರಿ?" ಎಂದು ಮಾವನವರು ಕೇಳಿದರು.

"ಆಗದ ಏನ್ರಿ ಅಜ್ಜಾರ. ಹೋಗಬೇಕು ಅನ್ನಿಸತೈತಿ, ಹೋದ್ರ ಬರೂದಿಲ್ಲ. ನಾಕ ಹನಿ ಬಂದ್ರೂ ಇನ್ನೂ ಐತಿ ಅನ್ನಿಸತಿರತೈತಿ. ಅದಕ್ಕ ಮತ್ತ ಮತ್ತ ಓಡತಾವ."

ಮಾವನವರು ಮೇಜಿನ ಮೇಲಿನ ಬೆಕ್ಕನ್ನು ನೋಡುತ್ತ, "ಖರೆ. ಹಂಗ ಅನ್ನಿಸತೈತಿ" ಎಂದರು.

ಡಾಕ್ಟರು ತಲೆ ಎತ್ತಿ ಅವರನ್ನು ನೋಡಿದರು. "ನಿಮಗೂ ಹಂಗ ಆಗತೈತೇನ್ರಿ?"

ನಾನು ಗೋಡೆಯ ಕಡೆ ತಿರುಗಿದೆ. "ಹೂಂ. ಭಾಳ ದಿನಾ ಆತ್ರಿ" ಎಂದು ಮಾವನವರು ಹೇಳಿದ್ದು ಕೇಳಿಸಿತು.

"ನಾ ಬೆಕ್ಕು ನಾಯಿ ಡಾಕ್ಟರ್ ರೀ, ನಿಮಗ ಔಷಧ ಕೊಡಾಕ ಬರೂದಿಲ್ಲ" ಎಂದು ಆಕೆ ನಕ್ಕರು. "ಇದಕ್ಕ ಮಂಪರು ಕೊಟ್ಟು ನಳಿಗಿ ಹಾಕಾಕ ಹೊತ್ತ ಹಿಡಿತೈತಿ. ಹೆಂಗೂ ಗದಗಿಗೆ ಬಂದೀರಿ, ಅಷ್ಟರಾಗ ನೀವೂ ತೋರಿಸಿಕೊಂಡ ಬರ್ರಿ."

"ಮೊದಲ ಅದಕ್ಕ ಬರಲಿ. ಆಮ್ಯಾಲ ಹೋಗತೀನಿ" ಎಂದು ಮಾವನವರು ಬೆಂಚಿನ ಮೇಲೆ ಕೂತುಬಿಟ್ಟರು.

ಡಾಕ್ಟರು ಹೊರಗೆ ಬಂದು ಮೂತ್ರ ಹರಿಯಿತು ಎಂದು ಹೇಳುವವರೆಗೂ ಅವರು ಅಲ್ಲಿಂದ ಎದ್ದದ್ದು ಬಚ್ಚಲಿಗೆ ಮಾತ್ರ. ಸುದ್ದಿ ಕೇಳಿ ಟೋಪಿ ತೆಗೆದು ತಲೆ ಒರೆಸಿಕೊಂಡರು. ಆಮೇಲೆ ಮಾತಿಗೆ ತಪ್ಪದೆ ಮಗನ ಜೊತೆ ಮನುಷ್ಯರ ಡಾಕ್ಟರ ಬಳಿ ಹೋದರು. ಅವರಿಗೆ ಪ್ರಾಸ್ಟೇಟ್ ಗ್ರಂಥಿ ದೊಡ್ಡದಾಗಿತ್ತು. ಹೆದರುವಂಥದ್ದೇನಿಲ್ಲ, ಮಾತ್ರೆ ಸಾಕು ಎಂದರಂತೆ. ಹೋಗಬೇಕಾಗುತ್ತದೆಂದು ನೀರೇ ಕುಡಿಯದಿದ್ದರೆ ಇನ್ನಷ್ಟು ಕೆಡುತ್ತದೆ ಎಂದು ಗದರಿದರಂತೆ.

ಬೆಕ್ಕನ್ನು ಕೆಲವು ದಿನ ಅಲ್ಲೇ ಇಟ್ಟುಕೊಂಡು ಸಲೈನ್ ಹಾಕಿದರು. ಕರೆತರಲು ಹೋದಾಗ ಡಾಕ್ಟರು ಹೇಳಿದ ಮಾತು ಹೆಚ್ಚುಕಡಿಮೆ ಮಾವನವರಿಗೆ ಹೇಳಿದ್ದೇ. ನೀರು ಹೆಚ್ಚು ಹೊಟ್ಟೆಗೆ ಹೋಗಬೇಕು. ನಾನು ಮಾಂಸವಿಲ್ಲದ್ದೇ ಹುಡುಕಿ ಪ್ರೀತಿಯಿಂದ ತರುತ್ತಿದ್ದ ಒಣ ಕಾಳಿನಂಥ ತಿನಿಸು ಬೇಡ, ಹಸಿಯಾದ ಆಹಾರ ಕೊಡಿ. ಮನೆಯಲ್ಲಿ ಅಲ್ಲಲ್ಲಿ ನೀರಿನ ಬಟ್ಟಲು ಇಡಿ. ಉಸುಕು ಸ್ವಚ್ಛ ಇರಲಿ. ಗದ್ದಲಕ್ಕೆ ಅದು ಹೆದರದಂತೆ ನೋಡಿಕೊಳ್ಳಿ. ಇದು ಮರುಕಳಿಸುವ ರೋಗ ಎಂದೂ ಎಚ್ಚರಿಸಿದರು. ಕೊನೆಗೆ ಕೈಗಿಟ್ಟ ಪೊಟ್ಟಣಗಳ ಮೇಲೆ ಮೀನಿನ ಚಿತ್ರವಿತ್ತು.

ನಮ್ಮದು ಕೋಳಿಯ ತತ್ತಿ ಕೂಡ ಹೊಸ್ತಿಲು ದಾಟದ ಮನೆ. ದಾರಿಯುದ್ದಕ್ಕೂ ಆ ಪೊಟ್ಟಣಗಳ ಚೀಲ ನನ್ನ ಕಾಲ ಬಳಿಯೇ ಇತ್ತು. ಮನೆಗೆ ಬಂದ ಮೇಲೆ, "ಮಾವಾರ, ಇದನ್ನ ಎಲ್ಲಿ ಇಡೂಣ್ರಿ?" ಎಂದು ಕೇಳಿದೆ.

"ನಾವು ಲಿಂಗಾ ಕಟಗೊಂಡೇವಿ. ಅದೇನು ಕಟಗೊಂಡೈತೇನು?" ಎಂದರು ಮಾವನವರು. "ಹಿತ್ತಲದಾಗ ಒಂದು ಡಬ್ಬಿ ಇಡು. ನಾ ತಿನಸತೀನಿ."

ಅಂದಿನಿಂದ ಹೆಗಲ ವಸ್ತ್ರವನ್ನು ಮೂಗಿಗೆ ಕಟ್ಟಿಕೊಂಡು, ಪೊಟ್ಟಣ ಕತ್ತರಿಸಿ, ಬಿಸಿನೀರು ಬೆರೆಸಿ, ಕಡ್ಡಿಯಲ್ಲಿ ಕಲಸಿ ಬೆಕ್ಕಿನ ಮುಂದಿಡುವುದು ಅವರ ಕೆಲಸವಾಯಿತು. ಹಿಂದಿನ ಮನೆಯ ಬಳೆ ವ್ಯಾಪಾರದ ಅಕ್ಕ ಇದನ್ನು ಗೋಡೆಯ ಮೇಲಿಂದ ಕಂಡು ನಕ್ಕಳು. ಮುಂದಿನ ಶುಕ್ರವಾರ ಕೋಳಿ ಬೇಯಿಸಿದ ನೀರನ್ನು ಬಟ್ಟಲಲ್ಲಿ ತಂದು ಗೋಡೆಯ ಮೇಲಿಟ್ಟಳು.

"ಕಾಕಾರ, ಉಪ್ಪು ಖಾರ ಉಳ್ಳಾಗಡ್ಡಿ ಏನೂ ಹಾಕಿಲ್ರಿ. ಬೆಕ್ಕಿಗಂತ ಬ್ಯಾರೆ ತಗದೀನಿ."

"ಹುಷಾರಿ ಇದ್ದೀಯಬೇ ಮಗಳ. ಅದಕ್ಕ ಉಳ್ಳಾಗಡ್ಡಿ ಆಗೂದಿಲ್ಲ ಅಂತ ಡಾಕ್ಟರೂ ಹೇಳ್ಯಾರ" ಎಂದು ಮಾವನವರು ಬಟ್ಟಲನ್ನು ಎರಡೂ ಕೈಯಲ್ಲಿ ತೆಗೆದುಕೊಂಡರು. ಆಗೊಮ್ಮೆ ಈಗೊಮ್ಮೆ ಆ ಬಟ್ಟಲು ಇಂದಿಗೂ ಬರುತ್ತದೆ. ತಿರುಗಿ ಹೋಗುವಾಗ ಅದರಲ್ಲಿ ಹೆಸರುಕಾಳು ಇರುತ್ತದೆ.

ಚಳಿಗಾಲದಲ್ಲಿ ಬೆಕ್ಕು ಇನ್ನೊಮ್ಮೆ ಉಸುಕಿಗೂ ಮನೆಗೂ ಓಡಾಡಿತು. ಈ ಸಲ ಮಾವನವರು ಸಂಜೆಯವರೆಗೂ ಕಾಯಲಿಲ್ಲ. ದಾರಿ ಮುಚ್ಚಿರಲಿಲ್ಲ, ಮೂತ್ರಚೀಲ ಊದಿಕೊಂಡಿತ್ತು ಅಷ್ಟೆ. ನೋವಿನ ಔಷಧಕ್ಕೆ ಇಳಿಯಿತು. ಆ ದಿನ ಗದಗಿಗೆ ಹೋಗುವಾಗ ಗಾಡಿ ಎಲ್ಲೂ ನಿಲ್ಲಲಿಲ್ಲ.

ಮೊನ್ನೆ ಮಾವನವರ ಓರಗೆಯವರೊಬ್ಬರು ಮುಂಡರಗಿಯಿಂದ ಬಂದಿದ್ದರು. ಇಬ್ಬರೂ ಹರೆಯದಲ್ಲಿ ಕಾಳಿನ ವ್ಯಾಪಾರ ಕೂಡಿ ಮಾಡಿದವರು. ಮಾತಿನ ನಡುವೆ ಬಂದವರು ಮತ್ತೆ ಮತ್ತೆ ಎದ್ದು ಬಚ್ಚಲಿಗೆ ಹೋಗುತ್ತಿದ್ದರು, ಚಹಾ ಬೇಡವೆಂದರು. ಮಾವನವರು ಬೆಕ್ಕಿನ ಬೆನ್ನು ಸವರುತ್ತ ನೋಡುತ್ತಿದ್ದವರು, ನಾನು ಅಲ್ಲೇ ಇದ್ದರೂ ದನಿ ತಗ್ಗಿಸದೆ ಹೇಳಿದರು.

"ತೋರಿಸಿಕೋಲೇ. ನಾಚಗೊಳ್ಳೂದೇನೈತಿ? ಗದಗಿನಾಗ ನಮ್ಮ ಬೆಕ್ಕ ತೋರಿಸಿಕೊಂಡೈತಿ, ನಾ ತೋರಿಸಿಕೊಂಡೀನಿ."

ಬಂದವರು ನಕ್ಕುಬಿಟ್ಟರು. ನಕ್ಕು ಮುಗಿದ ಮೇಲೆ, ಮಾವನವರನ್ನು ನೋಡಿದ ಡಾಕ್ಟರು ಗದಗಿನಲ್ಲಿ ಎಲ್ಲಿ ಕೂರುತ್ತಾರೆ ಎಂದು ಕೇಳಿದರು.