ಹಿಂದಿನ ಬ್ರೇಕು ಮತ್ತು ಲೈಬ್ರರಿ ಬಸ್ಸಿನ ಟ್ಯೂನೆ

ತಪಾಸಣೆಗೆಂದು ಬಂದ ಕಾರು ತಪಾಸಣೆ ಮಾಡುವವನ ಸೈಕಲ್ಲಿಗೇ ಹೋಗಿ ಗುದ್ದಿದ್ದು ಚಳಿಸೀಮೆಯ ಪುಟ್ಟ ಊರು ಕೈತಲಂಪಿಯ ಚರಿತ್ರೆಯಲ್ಲಿ ಅದೇ ಮೊದಲು. ಭೂಗೋಳದ ಮೇಷ್ಟ್ರು ವೇಯೊ ಹಕ್ಕರೈನೆನ್ ಕಾರು ನಿಲ್ಲಿಸಿ, ಸರ್ಕಾರಿ ಕೆಲಸದ ಜಾಗ ಎಂಬ ಗೌರವದಿಂದ ಹ್ಯಾಂಡ್‌ಬ್ರೇಕ್ ಎಳೆದು, ಗೇರನ್ನು ನ್ಯೂಟ್ರಲ್ಲಿನಲ್ಲಿ ಬಿಟ್ಟು ಕಾಗದಪತ್ರ ಹಿಡಿದು ಒಳಗೆ ಹೋಗಿದ್ದ. ಕೌಂಟರಿನ ಮುಂದೆ ನಿಂತು ಹೆಸರು ಹೇಳುತ್ತಿರುವಾಗ, ಗಾಜಿನ ಆಚೆ ತನ್ನದೇ ಕೆಂಪು ಕಾರು ಯಾರ ಹಂಗೂ ಇಲ್ಲದೆ ಮೆಲ್ಲಗೆ ಹಿಂದಕ್ಕೆ ಸರಿಯುತ್ತಿರುವುದು ಕಂಡಿತು. ಕಾಯುತ್ತ ಕುಳಿತಿದ್ದ ಆರು ಜನ ಕಾಫಿ ಲೋಟ ಕೆಳಗಿಟ್ಟು ನೋಡಿದರು. ಕಾರು ಅವಸರವಿಲ್ಲದೆ ಇಳಿದು, ಗೋಡೆಗೆ ಒರಗಿಸಿಟ್ಟಿದ್ದ ಸೈಕಲ್ಲನ್ನು ಅಪ್ಪಿಕೊಂಡು ನಿಂತಿತು.

"ಇಳಿಜಾರಿನ ಪಾಠ ನೀವೇ ಮಾಡಿದ್ದಲ್ವಾ ಮೇಷ್ಟ್ರೇ?" ಎಂದ ತಪಾಸಣೆಯ ಯೂಸೊ. ಹದಿನೈದು ವರ್ಷದ ಹಿಂದೆ ಅವನು ವೇಯೊನ ತರಗತಿಯ ಕೊನೆಯ ಬೆಂಚಿನಲ್ಲಿ ಕೂರುತ್ತಿದ್ದವನು. ಫೇಲಾಗಿದ್ದ. ಅದನ್ನು ಇಬ್ಬರೂ ಮರೆತಿರಲಿಲ್ಲ.

ಒಳಗೆ ಬ್ರೇಕು ಅಳೆಯುವ ಉರುಳೆಗಳ ಮೇಲೆ ಕಾರು ಹತ್ತಿಸಿ ಪರೀಕ್ಷೆ ಮಾಡಿದ್ದಾಯಿತು. "ಹಿಂದಿನ ಎಡ ಚಕ್ರ ಹಿಡೀತಾನೇ ಇಲ್ಲ. ಬಲದ್ದು ಹಿಡೀತದೆ, ಮನಸ್ಸು ಬಂದ್ರೆ," ಎಂದು ಯೂಸೊ ಬರೆದುಕೊಂಡ. "ಇಲ್ಲಿಂದ ಮನೆಗೆ ಅಥವಾ ರಿಪೇರಿಗೆ ನೆಟ್ಟಗೆ ಹೋಗ್ಬಹುದು. ಆಮೇಲೆ ಓಡಿಸೋ ಹಾಗಿಲ್ಲ. ಸರಿ ಮಾಡಿಸ್ಕೊಂಡು ಬನ್ನಿ, ಮತ್ತೆ ನೋಡ್ತೀನಿ. ಇವತ್ತು ನಾಲ್ಕಕ್ಕೆ ಬಾಗಿಲು ಹಾಕ್ತೀವಿ. ಇನ್ನು ತೆಗೆಯೋದು ಸೋಮವಾರ."

ವೇಯೊ ಗೋಡೆಯ ಕ್ಯಾಲೆಂಡರು ನೋಡಿದ. ಅದು ಗುರುವಾರ. ಮರುದಿನ ನಡುಬೇಸಿಗೆಯ ಯುಹಾನ್ನುಸ್ ಹಬ್ಬದ ಹಿಂದಿನ ದಿನ. ಇಡೀ ದೇಶ ಅಂಗಡಿಗೆ ಬೀಗ ಹಾಕಿ ಕೆರೆಯ ದಂಡೆಗೆ ಹೋಗಿ ಕೂರುವ ದಿನ. ಆ ಶುಕ್ರವಾರ ಮಧ್ಯಾಹ್ನ ಒಂದು ನಲವತ್ತರ ರೈಲಿಗೆ ಮಗಳು ವಿಲ್ಯಾ ತನ್ನ ಆರು ವಾರದ ಕೂಸನ್ನು ಎತ್ತಿಕೊಂಡು ಈಸಲ್ಮಿ ಸ್ಟೇಷನ್ನಿನಲ್ಲಿ ಇಳಿಯುವವಳಿದ್ದಳು. ಸ್ಟೇಷನ್ನಿಗೆ ಅರವತ್ತು ಕಿಲೋಮೀಟರು. ಬಸ್ಸಿಲ್ಲ. ಊರಿಗಿದ್ದ ಒಬ್ಬನೇ ಒಬ್ಬ ಟ್ಯಾಕ್ಸಿಯವನು ಈಗಾಗಲೇ ಮೀನು ಹಿಡಿಯಲು ಹೋಗಿದ್ದ. ಮೊಮ್ಮಗಳನ್ನು ವೇಯೊ ಈವರೆಗೆ ಫೋನಿನ ಗಾಜಿನೊಳಗೆ ಮಾತ್ರ ನೋಡಿದ್ದ. "ನಾನೇ ಬಂದು ಕರ್ಕೊಂಡು ಹೋಗ್ತೀನಿ, ನೀನು ಯೋಚನೆ ಮಾಡ್ಬೇಡ" ಎಂದು ಮಗಳಿಗೆ ಮೂರು ಸಲ ಹೇಳಿಯೂ ಆಗಿತ್ತು.

ಊರಿನ ಗ್ಯಾರೇಜಿಗೆ ಫೋನ್ ಮಾಡಿದರೆ, "ಆಗಸ್ಟಿನಲ್ಲಿ ನೋಡೋಣ" ಎಂಬ ಉತ್ತರ ಬಂತು. ಜುಲೈ ಪೂರ್ತಿ ಅವರಿಗೆ ರಜ.

ತಪ್ಪು ಕಾರಿನದಲ್ಲ. ಆ ಸೀಮೆಯಲ್ಲಿ ಅಕ್ಟೋಬರ್ ಬಂತೆಂದರೆ ಯಾರೂ ಹ್ಯಾಂಡ್‌ಬ್ರೇಕ್ ಮುಟ್ಟುವುದಿಲ್ಲ. ಎಳೆದರೆ ರಾತ್ರಿಯ ಚಳಿಗೆ ಅದು ಹೆಪ್ಪುಗಟ್ಟಿ, ಬೆಳಿಗ್ಗೆ ಚಕ್ರ ತಿರುಗದೆ ಕಾರು ಜಾರುಬಂಡಿಯಾಗುತ್ತದೆ. ಗೇರಿಗೆ ಹಾಕಿ ಬಿಟ್ಟರಾಯಿತು. ಏಪ್ರಿಲ್‌ನಲ್ಲಿ ಹಿಮ ಕರಗಿದ ಮೇಲೆ ಬುದ್ಧಿವಂತರು ಮತ್ತೆ ಎಳೆಯಲು ಶುರುಮಾಡುತ್ತಾರೆ. ವೇಯೊನಂಥವರು ಅಭ್ಯಾಸಬಲದಿಂದ ಬೇಸಿಗೆಯಲ್ಲೂ ಬಿಟ್ಟುಬಿಡುತ್ತಾರೆ. ಹಾಗಾಗಿ ಅವನ ಹ್ಯಾಂಡ್‌ಬ್ರೇಕ್ ಹನ್ನೆರಡು ವರ್ಷದಿಂದ ನಿವೃತ್ತಿ ಜೀವನ ನಡೆಸುತ್ತಿತ್ತು. ರಸ್ತೆಗೆ ಎರಚಿದ ಉಪ್ಪು ತನ್ನ ಪಾಡಿಗೆ ತನ್ನ ಕೆಲಸ ಮಾಡಿತ್ತು.

ಮನೆಯಂಗಳಕ್ಕೆ ಬಂದಾಗ ಹೆಂಡತಿ ಸಿರ್ಕಾ ಬಾಗಿಲಿಗೆ ಕಟ್ಟಲು ಬರ್ಚ್ ಮರದ ಕೊಂಬೆ ಕಡಿಯುತ್ತಿದ್ದಳು. ಸುದ್ದಿ ಕೇಳಿ ಕತ್ತಿ ಕೆಳಗಿಟ್ಟು ಹೇಳಿದಳು:

"ಬ್ರೇಕ್ ಪ್ಯಾಡು ಇದೆಯಲ್ಲ! ಮೂರು ವರ್ಷದ ಹಿಂದೆ ಅಗ್ಗಕ್ಕೆ ಸಿಕ್ತು ಅಂತ ತಂದಿದ್ದು. ಸೌನಾ ಸ್ನಾನದ ಮನೆ ಕಟ್ಟೆ ಕೆಳಗಿದೆ. 'ನಾನೇ ಹಾಕ್ತೀನಿ, ಒಂದು ಭಾನುವಾರದ ಕೆಲಸ' ಅಂತ ನೀನೇ ಅಂದಿದ್ದೆ."

"ಇವತ್ತು ಗುರುವಾರ," ಎಂದ ವೇಯೊ.

"ಟ್ಯೂನೆನ ಕರೀತೀನಿ," ಎಂದು ಸಿರ್ಕಾ ಬೇಲಿಯ ಕಡೆ ಹೊರಟೇಬಿಟ್ಟಳು.

ಟ್ಯೂನೆ ಲಪ್ಪಲೈನೆನ್ ಪಕ್ಕದ ಮನೆಯವಳು. ಎಪ್ಪತ್ತಮೂರು ವರ್ಷ. ಅದರಲ್ಲಿ ಮೂವತ್ತೊಂದು ವರ್ಷ ಆಕೆ ಲೈಬ್ರರಿ ಬಸ್ಸು ಓಡಿಸಿದವಳು. ನಾಲ್ಕು ಸಾವಿರ ಪುಸ್ತಕ ತುಂಬಿದ ಆ ಹಸಿರು ಬಸ್ಸು ಸುತ್ತಲಿನ ನಲವತ್ತು ಹಳ್ಳಿಗಳಿಗೆ ಹದಿನೈದು ದಿನಕ್ಕೊಮ್ಮೆ ಹೋಗುತ್ತಿತ್ತು. ಹೊಸದರಲ್ಲಿ ಪಂಚಾಯಿತಿಯ ಮೆಕ್ಯಾನಿಕ್ಕು, "ನೀನು ಒಳಗೆ ಬೆಚ್ಚಗೆ ಕೂತ್ಕೋ ಹುಡುಗಿ, ಇದು ಗಂಡಸರ ಕೆಲಸ" ಎಂದನಂತೆ. ಟ್ಯೂನೆ ಒಳಗೆ ಬೆಚ್ಚಗೆ ಕೂತಳು. ಕೂತು, ಬಸ್ಸಿನಲ್ಲೇ ಇದ್ದ ವಾಹನ ರಿಪೇರಿಯ ದಪ್ಪ ಪುಸ್ತಕವನ್ನು ಮೊದಲ ಪುಟದಿಂದ ಕೊನೆಯವರೆಗೆ ಓದಿದಳು. ಮುಂದಿನ ತಿಂಗಳಿಂದ ಮೆಕ್ಯಾನಿಕ್ಕೇ ಬೆಚ್ಚಗೆ ಕೂತ. ಆ ಪುಸ್ತಕ ಮಾತ್ರ ಮತ್ತೆ ಯಾರ ಕೈಗೂ ಸಿಗಲಿಲ್ಲ. ಕೇಳಿದವರಿಗೆಲ್ಲ "ಯಾರೋ ತಗೊಂಡು ಹೋಗಿದ್ದಾರೆ" ಎಂದು ಸ್ವತಃ ಟ್ಯೂನೆಯೇ ಹೇಳುತ್ತಿದ್ದಳು. ಸುಳ್ಳೇನಲ್ಲ.

ಆಕೆಯ ಗಂಡ ಒಯಿವಾ, ಈಗಿಲ್ಲ, ಪುಸ್ತಕ ವಾಪಸು ಕೊಡಲು ಬಂದ ನೆಪದಲ್ಲಿ ಮದುವೆಯ ಮಾತೆತ್ತಿದ್ದು ಆಕೆಯ ಬೂಟುಗಳ ಹತ್ತಿರ. ಮಿಕ್ಕ ಟ್ಯೂನೆ ಬಸ್ಸಿನಡಿ ಇದ್ದಳು. ಮಾತು ಮುಗಿದ ಮೇಲೆ ಕೆಳಗಿನಿಂದ ಒಂದು ಕೈ ಹೊರಬಂದು, "ಹದಿನೇಳರ ಸ್ಪ್ಯಾನರು" ಎಂದಿತು. ಒಯಿವಾ ಹುಡುಕಿ ಹದಿನಾಲ್ಕರದು ಕೊಟ್ಟ. ಟ್ಯೂನೆ ಬೈಯಲಿಲ್ಲ, ಬೈಯದೆ ಇದ್ದದ್ದರಿಂದ ಒಪ್ಪಿಗೆ ಸಿಕ್ಕಿತೆಂದು ಅವನಿಗೆ ಗೊತ್ತಾಯಿತಂತೆ.

ಈಗ ಆಕೆಯ ಕಣ್ಣಿಗೆ ಪೊರೆ ಬಂದಿತ್ತು. ಆಪರೇಷನ್ನಿನ ಸರದಿ ಸೆಪ್ಟೆಂಬರಿಗೆ. ಬೆರಳ ಗಂಟುಗಳು ಬಾತುಕೊಂಡಿದ್ದವು. ಲೈಸೆನ್ಸನ್ನು ತಾನಾಗಿಯೇ ಅಡುಗೆಮನೆಯ ಡ್ರಾಯರಿನಲ್ಲಿಟ್ಟು, ಕಾರು ಮಾರಿದ್ದಳು.

ಟ್ಯೂನೆ ಬಂದಳು. ಒಂದು ಕೈಯಲ್ಲಿ ಕಾಫಿ ಫ್ಲಾಸ್ಕು, ಇನ್ನೊಂದರಲ್ಲಿ ಹಾಲು ಕರೆಯುವ ಮಣೆ, ಕಂಕುಳಲ್ಲಿ ಒಂದು ತಗಡಿನ ಪೆಟ್ಟಿಗೆ. ಕಾರಿನ ಹಿಂಬದಿಗೆ ಮಣೆ ಹಾಕಿ ಕೂತು, ಕಾಫಿ ಬಗ್ಗಿಸಿಕೊಂಡಳು.

"ನೀನು ಮಾಡಲ್ವಾ?" ಎಂದು ವೇಯೊ ಗಾಬರಿಯಿಂದ ಕೇಳಿದ.

"ನಂಗೆ ಕಾಣಲ್ಲ. ಕೇಳಿಸ್ತದೆ. ನೀನು ಮಾಡು."

"ನಾನು ಭೂಗೋಳದವನು ಟ್ಯೂನೆ!"

"ಹಾಗಾದ್ರೆ ಹಿಂದಿನ ಚಕ್ರ ಎಲ್ಲಿದೆ ಅಂತಾದರೂ ಗೊತ್ತಿರ್ತದೆ."

ವೇಯೊ ಚಕ್ರದ ಬೋಲ್ಟು ಸಡಿಲಿಸಿ, ಜಾಕ್ ಕೊಟ್ಟು ಎತ್ತಿ, ಕೆಳಗೆ ಮರದ ದಿಮ್ಮಿ ಇಟ್ಟು, ಎಡ ಚಕ್ರ ತೆಗೆದ. ಅಲ್ಲಿಯವರೆಗೆ ಎಲ್ಲ ಸುಸೂತ್ರ. ಪ್ಯಾಡುಗಳನ್ನು ಹಿಡಿದುಕೊಂಡಿದ್ದ ಕ್ಯಾಲಿಪರ್ ಮಾತ್ರ ಬೋಲ್ಟು ಬಿಚ್ಚಿದರೂ ಡಿಸ್ಕಿನಿಂದ ಕದಲಲಿಲ್ಲ. ಎಳೆದ. ಅಲ್ಲಾಡಿಸಿದ. ಸುತ್ತಿಗೆಯ ಹಿಡಿಯಿಂದ ತಟ್ಟಿದ. ಸ್ಕ್ರೂಡ್ರೈವರ್ ತೂರಿಸಿ ಮೀಟಿದ. ಕಾಲು ಗಂಟೆ ಕಳೆಯಿತು. ಗುಂಗುರುಗಳು ಅವನ ಬೋಳುತಲೆಯ ಮೇಲೆ ಹಬ್ಬವನ್ನು ಒಂದು ದಿನ ಮುಂಚೆಯೇ ಶುರುಮಾಡಿದವು. ಟ್ಯೂನೆ ಎರಡನೆಯ ಲೋಟ ಮುಗಿಸಿದಳು.

"ವೇಯೊ."

"ಏನು?"

"ಹ್ಯಾಂಡ್‌ಬ್ರೇಕ್ ಎಳೆದಿದ್ದೀಯಾ?"

"ಎಳೆದಿದ್ದೀನಿ ಮತ್ತೆ! ಕಾರು ಎತ್ತೋ ಮೊದಲು ಸುರಕ್ಷತೆ ಬೇಡ್ವಾ?"

"ಹನ್ನೆರಡು ವರ್ಷ ಮುಟ್ಟಲಿಲ್ಲ. ಇವತ್ತು ಒಂದೇ ದಿನ ಎರಡು ಸಲ ಎಳೆದಿದ್ದೀಯ. ಬೆಳಿಗ್ಗೆ ಬೇಕಾಗಿತ್ತು, ಹಿಡೀಲಿಲ್ಲ. ಈಗ ಬೇಡ, ಹಿಡಿದಿದೆ."

ಕೊಂಬೆ ಕಟ್ಟುತ್ತಿದ್ದ ಸಿರ್ಕಾ ಬಾಗಿಲ ಕಡೆ ಮುಖ ತಿರುಗಿಸಿಕೊಂಡಳು. ಅವಳ ಹೆಗಲು ಕುಲುಕುತ್ತಿತ್ತು.

"ಇದನ್ನ ಮೊದಲೇ ಹೇಳೋಕಾಗ್ತಿರ್ಲಿಲ್ವಾ?"

"ನೀನು ಕೇಳಲಿಲ್ಲ. ಗೇರಿಗೆ ಹಾಕು, ಮುಂದಿನ ಚಕ್ರಕ್ಕೆ ಎರಡೂ ಕಡೆ ಕಲ್ಲು ಕೊಡು. ಆಮೇಲೆ ಬ್ರೇಕ್ ಬಿಡು."

ಬಿಟ್ಟ. ಕ್ಯಾಲಿಪರ್ ಇನ್ನೆರಡು ಏಟಿಗೆ ಕಳಚಿ ಬಂತು. ಹಳೆಯ ಪ್ಯಾಡುಗಳಲ್ಲಿ ಒಂದು ಸವೆದು ಉಗುರಿನಷ್ಟು ತೆಳ್ಳಗಾಗಿತ್ತು, ಇನ್ನೊಂದು ಅಂಗಡಿಯಿಂದ ನಿನ್ನೆ ತಂದ ಹಾಗಿತ್ತು. ಟ್ಯೂನೆ ಎರಡನ್ನೂ ಬೆರಳಿನಿಂದ ಸವರಿ, "ಕ್ಯಾಲಿಪರ್ ಜಾರೋ ಸರಳು ತುಕ್ಕಿಗೆ ಸಿಕ್ಕಿಕೊಂಡಿದೆ. ಒಬ್ಬನೇ ದುಡೀತಾ ಇದ್ದ, ಇನ್ನೊಬ್ಬ ಸಂಬಳ ತಗೊಳ್ತಾ ಇದ್ದ. ಎಲ್ಲಾ ಆಫೀಸಲ್ಲೂ ಇದ್ದದ್ದೇ," ಎಂದಳು. ವೇಯೊ ವೈರ್ ಬ್ರಷ್ಷಿನಿಂದ ತುಕ್ಕು ಉಜ್ಜಿದ. "ಇನ್ನೂ ಉಜ್ಜು, ಸದ್ದು ಇನ್ನೂ ಒರಟಾಗಿದೆ." ಉಜ್ಜಿದ. "ಈಗ ಸರಿ. ಗ್ರೀಸು." ಹ್ಯಾಂಡ್‌ಬ್ರೇಕಿನ ತಂತಿ ಎಳೆಯುವ ಪುಟ್ಟ ಸನ್ನೆಕೋಲಿಗೆ ಎಣ್ಣೆ ಬಿಟ್ಟು, ಹಿಂದೆ ಮುಂದೆ ನೂರು ಸಲ ಆಡಿಸಲು ಹೇಳಿದಳು. ಅವನು ಎಪ್ಪತ್ತಕ್ಕೆ ನಿಲ್ಲಿಸಿದ. "ಇನ್ನು ಮೂವತ್ತು," ಎಂದಳು ಟ್ಯೂನೆ, ಕಣ್ಣು ಮುಚ್ಚಿಕೊಂಡೇ.

ಹೊಸ ಪ್ಯಾಡು ದಪ್ಪ. ಅದು ಕೂರಬೇಕಾದರೆ ಪ್ಯಾಡನ್ನು ಒತ್ತುವ ಪಿಸ್ಟನ್ನು ಒಳಕ್ಕೆ ಹೋಗಬೇಕು. ವೇಯೊ ಬಡಗಿ ಕೆಲಸದ ದೊಡ್ಡ ಇಕ್ಕಳ ತಂದು ಒತ್ತಿದ. ಮುಖ ಕೆಂಪಾಗುವವರೆಗೆ, ಕೆಂಪು ನೀಲಿಯಾಗುವವರೆಗೆ ಒತ್ತಿದ. ಕೂದಲೆಳೆಯಷ್ಟೂ ಹೋಗಲಿಲ್ಲ. ಗಡಿಯಾರ ನೋಡಿದ: ಒಂದು ಗಂಟೆ. ಇಕ್ಕಳವನ್ನು ಹುಲ್ಲಿಗೆ ಎಸೆದು ನೆಲಕ್ಕೆ ಕುಕ್ಕರಿಸಿದ.

"ಆಗಲ್ಲ ಟ್ಯೂನೆ. ವಿಲ್ಯಾಗೆ ಫೋನ್ ಮಾಡ್ತೀನಿ. ಮುಂದಿನ ವಾರ ಬರಲಿ."

"ಮುಂದಿನ ವಾರಕ್ಕೆ ಆ ಕೂಸಿಗೆ ಏಳು ವಾರ ಆಗ್ತದೆ," ಎಂದಳು ಟ್ಯೂನೆ. ಅದು ಲೆಕ್ಕವೋ ಬೈಗುಳವೋ ತಿಳಿಯಲಿಲ್ಲ. ತಗಡಿನ ಪೆಟ್ಟಿಗೆ ತಡಕಿ, ಎರಡು ಮೊಳೆಗಳಿದ್ದ ಒಂದು ಬಿಲ್ಲೆಯನ್ನು ಹಿಡಿಯ ಸಮೇತ ತೆಗೆದು ಅವನ ಮಡಿಲಿಗೆ ಹಾಕಿದಳು. "ಮುಂದಿನ ಚಕ್ರದ್ದನ್ನ ಒತ್ತಬೇಕು. ಹಿಂದಿನದನ್ನ ತಿರುಗಿಸ್ಬೇಕು. ಒಳಗೆ ಹ್ಯಾಂಡ್‌ಬ್ರೇಕಿನ ಸ್ಕ್ರೂ ಇದೆ. ಒತ್ತುತ್ತಾ ತಿರುಗಿಸು. ಜಾಡಿಯ ಮುಚ್ಚಳ ಹಾಕಬೇಡ ನೋಡು."

ಉಪ್ಪಿನಕಾಯಿಗೆ ಸೌತೆಕಾಯಿ ತುಂಬುತ್ತಿದ್ದ ಸಿರ್ಕಾ ಕೈಯಲ್ಲಿದ್ದ ಮುಚ್ಚಳವನ್ನು ಹಾಗೇ ಎತ್ತಿ ಹಿಡಿದಳು. "ನಾನಾ?"

"ಎಂಜಿನ್ನಿನ ಹತ್ತಿರ ಇರೋ ಬ್ರೇಕ್ ಎಣ್ಣೆ ಜಾಡಿ. ಎಣ್ಣೆ ಮೇಲೆ ಬರ್ತದೆ, ಉಕ್ಕಿದ್ರೆ ಬಟ್ಟೆಯಲ್ಲಿ ಒರೆಸು. ಸಿರ್ಕಾ, ನೀನು ನಿನ್ನ ಸೌತೆಕಾಯಿ ಮುಚ್ಕೋ."

ವೇಯೊ ಎಣ್ಣೆ ಜಾಡಿಯ ಮುಚ್ಚಳ ತೆಗೆದಿಟ್ಟು ಬಂದು ಬಿಲ್ಲೆಯನ್ನು ಒತ್ತಿ ತಿರುಗಿಸಿದ. ಪಿಸ್ಟನ್ನು, ಇಷ್ಟು ಹೊತ್ತು ಯಾಕೆ ಒತ್ತಿದೆ ಎಂದು ಕೇಳುವಂತೆ, ಸದ್ದಿಲ್ಲದೆ ಒಳಗೆ ಹೋಯಿತು. ಅವನು ಬಾಯಿ ತೆರೆದುಕೊಂಡು ಅದನ್ನೇ ನೋಡಿದ. ಆಮೇಲೆ ಆನಂದ ತಾಳಲಾರದೆ ಎದ್ದು ಅಂಗಳದಲ್ಲಿ ಒಂದು ಸುತ್ತು ಹಾಕಿ ಬಂದ. ಕೈಗೆಲ್ಲ ಗ್ರೀಸು, ಹಣೆಯಲ್ಲಿ ಗ್ರೀಸು, ಗುಂಗುರುಗಳಿಗೂ ಗ್ರೀಸು.

ಬಲಗಡೆಯದು ಅರ್ಧ ಗಂಟೆಯಲ್ಲೇ ಆಯಿತು. ಈ ಸಲ ಟ್ಯೂನೆ ಒಂದೂ ಮಾತಾಡಲಿಲ್ಲ. ನಡುವೆ ಒಮ್ಮೆ ಗೊರಕೆಯಂತೆ ಏನೋ ಕೇಳಿಸಿತು. ಚಕ್ರ ಹಾಕಿ, ಬೋಲ್ಟು ಬಿಗಿದು, ಕಾರು ಇಳಿಸಿ, ಕಲ್ಲು ತೆಗೆದು, ವೇಯೊ ರಾಜಗಾಂಭೀರ್ಯದಿಂದ ಒಳಗೆ ಕೂತು ಕೀಲಿ ತಿರುಗಿಸಲು ಹೋದ.

"ಪೆಡಲು," ಎಂದಳು ಟ್ಯೂನೆ.

ಒತ್ತಿದ. ಪೆಡಲು ಎಲ್ಲೂ ತಡೆಯದೆ ನೆಲ ಮುಟ್ಟಿತು. ವೇಯೊನ ಜೀವವೂ ಅದರ ಜೊತೆ ಕೆಳಗೆ ಹೋಯಿತು. "ಟ್ಯೂನೆ! ಬ್ರೇಕೇ ಇಲ್ಲ!"

"ಇನ್ನೂ ಒತ್ತು. ಪಿಸ್ಟನ್ನು ದೂರ ಕೂತಿದೆ, ಕರೆದ್ರೆ ತಾನೇ ಬರೋದು? ಇದನ್ನ ಮರೆತು ಹೊರಟಿದ್ರೆ ನಮ್ಮನೆ ಬೇಲಿ ಹೋಗ್ತಿತ್ತು."

ಹತ್ತು ಸಲ ಒತ್ತಿದ ಮೇಲೆ ಪೆಡಲು ಕಾಲಿಗೆ ಗಟ್ಟಿಯಾಗಿ ಸಿಕ್ಕಿತು. ಎಂಜಿನ್ನಿನ ಹತ್ತಿರದ ಜಾಡಿಯಲ್ಲಿ ಎಣ್ಣೆ ಎಷ್ಟಿದೆ ನೋಡಿ, ಮುಚ್ಚಳ ತಿರುಗಿಸಿದ್ದಾಯಿತು. ಅಂಗಳದ ಉದ್ದಕ್ಕೂ ಹೋಗಿ ನಿಲ್ಲಿಸಿದ, ನಿಂತಿತು. ಹ್ಯಾಂಡ್‌ಬ್ರೇಕ್ ಎಳೆದು ಇಳಿಜಾರಿನಲ್ಲಿ ಬಿಟ್ಟ, ನಿಂತಿತು. ಸಿರ್ಕಾ ಬೆನ್ನು ಕೊಟ್ಟು ತಳ್ಳಿದಳು, ಆಗಲೂ ನಿಂತಿತು.

ಮೂರು ಮುಕ್ಕಾಲಿಗೆ ತಪಾಸಣೆಯ ಬಾಗಿಲ ಮುಂದೆ ಕೆಂಪು ಕಾರು ಬಂದದ್ದು ಕಂಡು ಯೂಸೊ ಮೊದಲು ಓಡಿಹೋಗಿ ತನ್ನ ಸೈಕಲ್ಲನ್ನು ಒಳಗೆ ತಂದಿಟ್ಟ. ಆಮೇಲೆ ಕಾರನ್ನು ಉರುಳೆಗಳ ಮೇಲೆ ಹತ್ತಿಸಿದ. ಒಂದು ಸಲ ನೋಡಿದ, ನಂಬದೆ ಇನ್ನೊಂದು ಸಲ ನೋಡಿದ.

"ಎಡ, ಬಲ ಎರಡೂ ಒಂದೇ ಸಮ ಹಿಡೀತಾ ಇವೆ. ಯಾರು ಮಾಡಿದ್ದು ಮೇಷ್ಟ್ರೇ?"

"ನಾನೇ," ಎಂದ ವೇಯೊ. ಜೀವನದಲ್ಲಿ ಇಷ್ಟು ಚಿಕ್ಕ ಮಾತನ್ನು ಅವನು ಇಷ್ಟು ದೊಡ್ಡದಾಗಿ ಹೇಳಿರಲಿಲ್ಲ.

ಯೂಸೊ ಕಾಗದಕ್ಕೆ ಮೊಹರು ಹೊಡೆದು ಕೈಗೆ ಕೊಟ್ಟ. "ಪಾಸು. ನೀವು ನನಗೆ ಕೊಟ್ಟಿರ್ಲಿಲ್ಲ. ನಾನು ಕೊಡ್ತಾ ಇದ್ದೀನಿ."

ಮರುದಿನ ಸಿರ್ಕಾ ಹಬ್ಬದ ಅಡುಗೆಗೆ ಮನೆಯಲ್ಲೇ ಉಳಿದಳು; ಸ್ಟೇಷನ್ನಿಗೆ ವೇಯೊನ ಜೊತೆ ಟ್ಯೂನೆಯೂ ಹೊರಟಳು, ಕೂಸಿಗೆ ಹೆಣೆದಿದ್ದ ಹೆಬ್ಬೆರಳುದ್ದದ ಉಣ್ಣೆ ಕಾಲುಚೀಲ ಹಿಡಿದುಕೊಂಡು. ಆಕಾಶ ತಿಳಿಯಾಗಿತ್ತು, ರಸ್ತೆ ಖಾಲಿ. ವೇಯೊ ಮಾತ್ರ ಹೊಸ ಆಟಿಕೆ ಸಿಕ್ಕವನ ಹಾಗೆ, ದಾರಿಯಲ್ಲಿ ಸಿಕ್ಕ ಪ್ರತಿ ಬಸ್ ನಿಲ್ದಾಣದಲ್ಲೂ ಕಾರು ನಿಲ್ಲಿಸಿ, ಹ್ಯಾಂಡ್‌ಬ್ರೇಕ್ ಎಳೆದು, ಇಳಿದು, ಹಿಂದಿನ ಚಕ್ರದ ಹತ್ತಿರ ಹತ್ತು ನಿಮಿಷ ಬಗ್ಗಿ ನೋಡಿ, ತೃಪ್ತಿಯಿಂದ ತಲೆಯಾಡಿಸಿ ಮತ್ತೆ ಹತ್ತುತ್ತಿದ್ದ. ಈಸಲ್ಮಿಗೆ ಮೊದಲು ಹದಿನಾಲ್ಕು ನಿಲ್ದಾಣಗಳಿದ್ದವು. ಹತ್ತೂವರೆಗೆ ಬಿಟ್ಟವರು ಮುಟ್ಟಿದಾಗ ರೈಲು ಬಂದು ಐದು ನಿಮಿಷವಾಗಿತ್ತು.

ವಿಲ್ಯಾ ಪ್ಲಾಟ್‌ಫಾರಮ್ಮಿನ ಬೆಂಚಿನ ಮೇಲೆ ಕೂತಿದ್ದಳು. ವೇಯೊ ಕೈ ಮೂರು ಸಲ ಪ್ಯಾಂಟಿಗೆ ಒರೆಸಿಕೊಂಡು ಮೊಮ್ಮಗಳನ್ನು ಎತ್ತಿಕೊಂಡ. ಉಗುರ ಸಂದಿಯ ಗ್ರೀಸು ಹೋಗಿರಲಿಲ್ಲ. ಕೂಸು ಅವನ ಮುಖವನ್ನು ದೀರ್ಘವಾಗಿ ಪರಿಶೀಲಿಸಿ, ಅಳದೆ ಆಕಳಿಸಿತು. ಕಾರಿನ ಬ್ರೇಕು ತಾನೇ ಹಾಕಿದ್ದೆಂದು ವೇಯೊ ಮಗಳಿಗೆ ಹೇಳಿದ. ಎರಡು ಸಲ ಹೇಳಿದ.

ಕೂಸಿನ ಸೀಟನ್ನು ಹಿಂದೆ ಕಟ್ಟುತ್ತಿದ್ದ ವಿಲ್ಯಾಳ ಕೈ ತಟ್ಟನೆ ನಿಂತಿತು. ಅಪ್ಪ ಬಲ್ಬು ಬದಲಾಯಿಸಲು ಹೋಗಿ ಇಡೀ ಮನೆಯ ಕರೆಂಟು ತೆಗೆದದ್ದನ್ನು ನೋಡಿ ಬೆಳೆದವಳು ಆಕೆ. ಮೆಲ್ಲಗೆ ಟ್ಯೂನೆಯ ಪಕ್ಕಕ್ಕೆ ಬಂದು, ದನಿ ತಗ್ಗಿಸಿ ಕೇಳಿದಳು:

"ಟ್ಯೂನೆ ಅತ್ತೆ, ನಿಜ ಹೇಳು. ಕೂಸನ್ನ ಕೂರಿಸ್ಬಹುದಾ? ಈ ಕಾರು ನಿಲ್ಲುತ್ತಾ?"

ಟ್ಯೂನೆ ಕಾರಿನ ಕಡೆಗೊಮ್ಮೆ, ಸ್ಟೇಷನ್ನಿನ ಗಡಿಯಾರ ಇರಬಹುದಾದ ಕಡೆಗೊಮ್ಮೆ ಮುಖ ತಿರುಗಿಸಿ ಯೋಚಿಸಿದಳು.

"ನಿಲ್ಲೋದಕ್ಕೇನೂ ತೊಂದ್ರೆ ಇಲ್ಲ," ಎಂದಳು. "ಊಟಕ್ಕೆ ಏನಾದ್ರೂ ಕಟ್ಟಿಸ್ಕೋ."