ಅಕ್ಕ ಅರ್ಜಿ ವಾಪಸ್ ಪಡೆದದ್ದು

ಅಕ್ಕನನ್ನು ಬಿಳೂರಿನಿಂದ ಉಮದಿಗೆ ಕೊಟ್ಟಿದ್ದೆವು. ಭಾವ ವಿಷಮಜ್ವರದಲ್ಲಿ ತೀರಿಕೊಂಡಾಗ ಅವಳ ಮಗಳಿಗೆ ಇನ್ನೂ ಸರಿಯಾಗಿ ಮಾತು ಬಂದಿರಲಿಲ್ಲ. ಕಾರ್ಯ ಮುಗಿದ ಮೇಲೆ ಅತ್ತೆ, "ತವರಿಗಿ ಹೋಗಿ ನಾಕ ದಿನ ಇದ್ದ ಬಾ, ಕೂಸು ಇಲ್ಲೇ ಇರ್ಲಿ" ಎಂದು ಅಕ್ಕನನ್ನು ಬಸ್ಸು ಹತ್ತಿಸಿದಳು. ಅಕ್ಕ ತಿರುಗಿ ಹೋದಾಗ ಬಾಗಿಲಲ್ಲೇ ತಡೆದಳು.

"ಮಗನ ಇಲ್ಲಂದ ಮ್ಯಾಲ ಇಲ್ಲಿ ನಿಂದೇನೈತಿ? ಕೂಸು ನಮ್ಮದು."

ಹಿರಿಯರು ಹೋಗಿ ಮಾತಾಡಿದರೂ ಆಗಲಿಲ್ಲ. ಕೊನೆಗೆ ಮಗಳನ್ನು ಕೊಡಿಸಿರೆಂದು ಅಕ್ಕ ಜತ್ತದ ಕೋರ್ಟಿನಲ್ಲಿ ಅರ್ಜಿ ಹಾಕಿದಳು. ಆಗ ನಾನು ಡಫಳಾಪುರದಲ್ಲಿ ಮಾಸ್ತರನಾಗಿದ್ದೆ. ತಾರೀಖು ಬಂದಾಗಲೆಲ್ಲ ರಜೆ ಹಾಕಿ ಅವಳ ಜೊತೆ ಹೋಗುತ್ತಿದ್ದೆ. ಅವಳು ಕೂಸಿನ ಒಂದು ಅಂಗಿಯನ್ನು ಚೀಲದಲ್ಲಿಟ್ಟುಕೊಂಡು ಬರುತ್ತಿದ್ದಳು. ಜಡ್ಜ್ ಸಾಹೇಬರು ಅಂದೇ ಕೂಸನ್ನು ಕೊಟ್ಟುಬಿಟ್ಟರೆ ಎಂದು. ಕೂಸು ಬೆಳೆದಿರಬೇಕೆಂದು ನಡುವೆ ಒಮ್ಮೆ ಅದರ ಹೊಲಿಗೆ ಬಿಚ್ಚಿ ಸಡಿಲ ಮಾಡಿದ್ದಳು.

ವರ್ಷ ಕಳೆದ ಮೇಲೆ ಎದುರಿನ ವಕೀಲರು ಆಕ್ಷೇಪಣೆ ತೆಗೆದರು. ಕೂಸು ಬಿಜಾಪುರದ ಕಡೆ ಸೋದರತ್ತೆಯ ಊರಿನಲ್ಲಿದೆ, ಅರ್ಜಿ ಹಾಕಿದಾಗಲೂ ಅಲ್ಲೇ ಇತ್ತು. ಅದು ಗಡಿಯಾಚೆಯ ಮೈಸೂರು ರಾಜ್ಯ, ಹಾಗಾಗಿ ಈ ಕೋರ್ಟಿಗೆ ಅಧಿಕಾರವೇ ಇಲ್ಲ ಎಂದರು. ತಾಯಿ ಮಗಳ ಮಾತನ್ನು ಯಾರೂ ಎತ್ತಲೇ ಇಲ್ಲ.

ನಮ್ಮ ವಕೀಲರು ನಮ್ಮನ್ನು ಹೊರಗೆ ಕರೆದರು. "ಸಾಹೇಬ್ರು ವಜಾ ಮಾಡೋದ್ರೊಳಗ ನಾವ ವಾಪಸ್ ತಗೊಳ್ಳೂಣ ಮಾಸ್ತರ. ಬಿಜಾಪುರದಾಗ ಹೊಸಾದು ಹಾಕಾಕ ಪರವಾನಗಿ ಕೇಳ್ತೀನಿ."

"ಹೆತ್ತಾಕಿ ನಾ ಇಲ್ಲೇ ನಿಂತೀನಲ್ರಿ" ಎಂದಳು ಅಕ್ಕ. ವಕೀಲರು ವಾಪಸಾತಿಯ ಕಾಗದ ಬರೆಸಲು ಒಳಗೆ ಹೋದರು.

ಮರಾಠಿಯಲ್ಲಿ ಬರೆದ ಕಾಗದ ಬಂತು. ಅಕ್ಕ ಲೇಖನಿ ಹಿಡಿದು ನನ್ನ ಮುಖ ನೋಡಿದಳು.

"ಇದರಾಗ ನನಗ ಕೂಸು ಬ್ಯಾಡಂತ ಬರದಾರೇನೋ ತಮ್ಮಾ?"

"ಇಲ್ಲಕ್ಕ, ಅರ್ಜಿ ಅಷ್ಟ ಬ್ಯಾಡಂತ ಬರದಾರ."

ಸಹಿ ಮಾಡಿದಳು. ಸ್ವಂತ ಇಚ್ಛೆಯಿಂದಲೇ ಹಿಂದೆಗೆಯುತ್ತಿದ್ದೀಯಾ ಎಂದು ನ್ಯಾಯಾಧೀಶರು ಅವಳನ್ನು ಕೇಳಿದರು. ವಕೀಲರೇ ಹೌದೆಂದರು.

ಬಿಜಾಪುರದಲ್ಲಿ ಇನ್ನೊಬ್ಬ ವಕೀಲರನ್ನು ಹಿಡಿದು ಹೊಸ ಅರ್ಜಿ ಬರೆಸುವಷ್ಟರಲ್ಲಿ ಕೂಸನ್ನು ಮತ್ತೆ ಉಮದಿಗೆ ಕರೆತಂದರೆಂಬ ಸುದ್ದಿ ಬಂತು. "ಹಂಗಾದ್ರ ಜತ್ತಕ್ಕ ಹೋಗ್ರಿ" ಎಂದರು ಆ ವಕೀಲರು. ನಾನು ಜಗಳಕ್ಕೆ ನಿಂತೆ. ಅಕ್ಕ ನನ್ನ ತೋಳು ಹಿಡಿದಳು.

"ಸಾಕೋ ತಮ್ಮಾ. ನಾ ಎಲ್ಲಿ ಹೋದರ ಅಲ್ಲಿಂದ ಅದನ್ನ ಎಬ್ಬಸ್ತಾರ. ಒಂದ ಕಡಿ ಇರ್ಲಿ ಅದು."

ಎಷ್ಟೋ ವರ್ಷಗಳ ನಂತರ ಉಮದಿಯ ಸಂತೆಯಲ್ಲಿ ಅಜ್ಜಿಯ ಜೊತೆ ಬಂದ ಹುಡುಗಿಯೊಬ್ಬಳ ಎದುರು ಅಕ್ಕ ತಡೆದು ನಿಂತಳು. ಭಾವನದೇ ಮೂಗು.

"ಯಾರಬೇ ಇವರು?" ಎಂದು ಹುಡುಗಿ ಅಜ್ಜಿಯನ್ನು ಕೇಳಿದಳು.

"ಬಿಳೂರದವರು. ನಡಿ ಲಗೂನ."

ಅಕ್ಕ ಅವರ ಹಿಂದೆ ಹೋಗಲಿಲ್ಲ. ಬಸ್ಸಿನಲ್ಲಿ ಕುಳಿತ ಮೇಲೆ, "ಭಾಳ ಎತ್ತರ ಆಗ್ಯಾಳ" ಎಂದಳು, ಅಷ್ಟೇ. ಹುಡುಗಿಯ ಮದುವೆಯ ಸುದ್ದಿ ನಮ್ಮನ್ನು ಮುಟ್ಟುವಷ್ಟರಲ್ಲಿ ಅವಳು ಗಂಡನ ಮನೆ ಸೇರಿ ತಿಂಗಳುಗಳಾಗಿದ್ದವು. ಯಾವ ಊರಿಗೆ ಕೊಟ್ಟರೆಂದು ನಮಗೆ ಯಾರೂ ಹೇಳಲಿಲ್ಲ.