ನೂರಾ ಒಂದು ತಾಟು

ನಮ್ಮ ಚಿಗವ್ವನ ಕೊರಳಲ್ಲಿ ಅಳತೆಯ ಟೇಪು ಸದಾ ನೇತಾಡುತ್ತಿತ್ತು. ಸಂತೆಗೆ ಹೋದರೂ ಅದು ಇರಬೇಕು, ಊಟಕ್ಕೆ ಕೂತರೂ ಇರಬೇಕು. ಒಮ್ಮೆ ಮಠದಲ್ಲಿ ಸ್ವಾಮಿಗಳಿಗೆ ನಮಸ್ಕಾರ ಮಾಡಲು ಬಾಗಿದಾಗ ಅದರ ತುದಿ ಅವರ ಪಾದದ ಮೇಲೆ ಬಿತ್ತು. "ಏನವಾ, ಪಾದದ ಅಳತಿ ತಗೊಳ್ಳಾಕತ್ತಿಯೇನ?" ಎಂದು ಸ್ವಾಮಿಗಳು ನಕ್ಕರು. "ಒಂಬತ್ತೂವರಿ ಇಂಚ ಐತ್ರಿ ಅಜ್ಜಾರ" ಎಂದು ಈಕೆ ಹೇಳಿಯೂ ಬಿಟ್ಟಳು. ಪಕ್ಕದಲ್ಲಿದ್ದ ನಾನು ಕಂಬದ ಹಿಂದೆ ಹೋಗಿ ನಿಂತೆ.

ಅವಳ ಹೆಸರು ಶಾರದವ್ವ. ಗೋಕಾಕದಲ್ಲಿ ಕೇಳಿದರೆ ಟೇಲರ್ ಶಾರದಕ್ಕ. ನನ್ನ ಅವ್ವನ ತಂಗಿ. ಅಪ್ಪ ಅವ್ವ ಇಬ್ಬರೂ ನಾನು ಸಣ್ಣವಳಿದ್ದಾಗಲೇ ಹೋದದ್ದರಿಂದ ನನ್ನನ್ನು ಸಾಕಿದವಳು ಇವಳೇ. ಮದುವೆಯಾಗಿ ಎರಡೇ ವರ್ಷಕ್ಕೆ ಗಂಡನನ್ನು ಕಳೆದುಕೊಂಡವಳು, ಒಂದು ಹೊಲಿಗೆ ಮಶೀನು ಇಟ್ಟುಕೊಂಡು ಊರ ಹೆಂಗಸರ ಜಂಪರು ಹೊಲಿಯುತ್ತ ನನ್ನನ್ನು ದೊಡ್ಡವಳನ್ನಾಗಿ ಮಾಡಿದಳು. ಮೂಡಲಗಿಯಿಂದಲೂ ಮದುಮಕ್ಕಳು ಬಸ್ಸು ಹತ್ತಿ ಅಳತೆ ಕೊಡಲು ಬರುತ್ತಿದ್ದರು. ಅವರ ಅಳತೆಯನ್ನು ಅವಳು ಜೋರಾಗಿ ಓದುತ್ತಿದ್ದಳು. ಹಾಗಾಗಿ ನಮ್ಮ ಓಣಿಯಲ್ಲಿ ಯಾರು ದಪ್ಪಗಾದರು, ಯಾರು ಸೊರಗಿದರು ಎಂಬುದು ಗುಟ್ಟಾಗಿ ಉಳಿಯುತ್ತಿರಲಿಲ್ಲ.

ಅವಳಿಗೆ ಓವನ್ನಿನ ಹುಚ್ಚು ಹತ್ತಿದ್ದು ನಾನು ಕಾಲೇಜಿಗೆ ಹೋಗುವಾಗ. ಪಕ್ಕದ ಮನೆಯಲ್ಲಿ ಬಾಡಿಗೆಗಿದ್ದ ಬ್ಯಾಂಕಿನ ಸಾಹೇಬರಿಗೆ ವರ್ಗವಾಯಿತು. ಅವರ ಹೆಂಡತಿ ಹೋಗುವಾಗ ತಮ್ಮ ಸಣ್ಣ ಕರೆಂಟಿನ ಓವನ್ ಇವಳಿಗೆ ಕೊಟ್ಟು, ಟಾರ್ಟ್ ಮಾಡುವುದನ್ನೂ ಕಲಿಸಿ ಹೋದರು. ಮೈದಾ ಹಿಟ್ಟಿಗೆ ತಣ್ಣನೆಯ ಬೆಣ್ಣೆ ಹಾಕಿ ಕಲಸಿ, ಪುಟ್ಟ ಬಟ್ಟಲಿನ ಆಕಾರ ಕೊಟ್ಟು, ಒಳಗೆ ಹೂರಣ ತುಂಬಿ ಸುಡುವುದು. ಚಿಗವ್ವನ ನಾಲಗೆಯ ಮೇಲೆ ಅದು ಮೊದಲ ದಿನವೇ ತಾಟು ಆಯಿತು. ನಮ್ಮ ಕಡೆ ತಾಟೆಂದರೆ ಉಣ್ಣುವ ತಟ್ಟೆ.

"ಟಾರ್ಟ್ ಬೇ, ತಾಟಲ್ಲ" ಎಂದು ನಾನು ತಿದ್ದುತ್ತಿದ್ದೆ.

"ಅದನ್ನ ಅಂದೆ. ತಾಟ."

ಅವಳು ಅಡಿಗೆಯನ್ನೂ ಹೊಲಿಗೆಯ ಹಾಗೆಯೇ ಮಾಡುತ್ತಿದ್ದಳು. ಅಚ್ಚಿಗೆಂದು ಪೇಟೆಯಿಂದ ಅರಿಶಿಣ ಕುಂಕುಮ ಇಡುವ ಸ್ಟೀಲಿನ ಪುಟ್ಟ ಬಟ್ಟಲುಗಳನ್ನು ಆರಿಸಿ ತಂದಳು, ಟೇಪು ಹಿಡಿದು ಒಂದೂವರೆ ಇಂಚಿಗಿಂತ ಒಂದೆಳೆ ಹೆಚ್ಚಿದ್ದದ್ದನ್ನೂ ಅಂಗಡಿಯವನ ಮುಂದೆಯೇ ಹಿಂದಕ್ಕೆ ತಳ್ಳಿದಳು. ಹಿಟ್ಟಿನ ಅಂಚನ್ನು ಹಲ್ಲುಹಲ್ಲಾಗಿ ಕತ್ತರಿಸುವ ಕತ್ತರಿಯಿಂದ ಕತ್ತರಿಸುತ್ತಿದ್ದಳು. ಅದು ಹಿಟ್ಟಿಗೆಂದೇ ತಂದ ಹೊಸ ಕತ್ತರಿ ಎಂದು ಕೇಳದವರಿಗೂ ಹೇಳುತ್ತಿದ್ದಳು. ನಮ್ಮೂರ ಬಿಸಿಲಿಗೆ ಬೆಣ್ಣೆ ಕರಗದಿರಲೆಂದು ಲಟ್ಟಣಿಗೆಯನ್ನು ಫ್ರಿಜ್ಜಿನಲ್ಲಿ ಇಡುತ್ತಿದ್ದಳು. ನೀರು ಕುಡಿಯಲು ಫ್ರಿಜ್ ತೆರೆದ ನೆಂಟರು ಅದನ್ನು ನೋಡಿ ಏನೂ ಕೇಳದೆ ಬಾಗಿಲು ಮುಚ್ಚುತ್ತಿದ್ದರು.

ಒಳಗಿನ ಹೂರಣ ಮಾತ್ರ ಪಕ್ಕಾ ಗೋಕಾಕದ್ದು. ಗೋಡಂಬಿ, ಬದಾಮು, ಉತ್ತತ್ತಿ, ಒಣಕೊಬ್ಬರಿ, ಬೆಲ್ಲ, ತುಪ್ಪದಲ್ಲಿ ಕರಿದ ಅಂಟು. ಅಂದರೆ ನಮ್ಮ ಕರದಂಟೇ. ಮೊದಲ ಸಲ ಅವಸರದಲ್ಲಿ ಅಂಟನ್ನು ಕರಿಯುವುದನ್ನೇ ಮರೆತಳು. ಓವನ್ನಿನ ಕಾವಿಗೆ ಅದು ಒಳಗೇ ಉಬ್ಬಿ ಪಟಪಟ ಎನ್ನತೊಡಗಿತು. ಚಿಗವ್ವ ಗಾಜಿನ ಬಾಗಿಲ ಮುಂದೆ ಕೂತು, "ಏ ರೇಣುಕಾ, ಹೊಲಿಗಿ ಬಿಚ್ಚಾಕತ್ತಾವ ನೋಡ" ಎಂದು ಕೂಗಿದಳು. ತಣ್ಣಗಾದ ಮೇಲೆ ಆ ಒಡಕಲನ್ನೆಲ್ಲ ನಾವಿಬ್ಬರೇ ಕೂತು ತಿಂದು ಮುಗಿಸಿದೆವು. ಅಷ್ಟು ರುಚಿಯಾದದ್ದನ್ನು ನಾನು ಆಮೇಲೆ ತಿಂದ ನೆನಪಿಲ್ಲ.

ಸಣ್ಣದೆಂದರೆ ಅವಳಿಗೆ ಒಂದು ಸೊಕ್ಕು. "ಕೈ ಅಗಲ ಮಾಡ್ರಿ ಶಾರದಕ್ಕ, ಇದು ಹಲ್ಲಿನ ಸಂದ್ಯಾಗ ಹೋಗತೈತಿ" ಎಂದು ಕೊಣ್ಣೂರಿನಿಂದ ಬೆಣ್ಣೆ ತರುವ ಮುದುಕಿ ಛೇಡಿಸುತ್ತಿದ್ದಳು. ಚಿಗವ್ವ ತಲೆ ಎತ್ತದೆ ಉತ್ತರಿಸುತ್ತಿದ್ದಳು: "ಚಾದರ ಯಾರರೆ ಹೊಲೀತಾರವಾ. ಕೂಸಿನ ಅಂಗಿ ಹೊಲದ ತೋರಸ್ಲಿ, ಅವಾಗ ಟೇಲರ್ ಅಂತೇನಿ."

ಮುಂದೆ ನನ್ನನ್ನು ಹುಕ್ಕೇರಿಗೆ ಕೊಟ್ಟರು. ನಮ್ಮ ಅತ್ತೆ ಗಂಗವ್ವ ಮಾತು ಕಡಿಮೆ, ಹುಬ್ಬಿನ ಕೆಲಸ ಹೆಚ್ಚು. ಅವರ ಒಂದು ಹುಬ್ಬು ಮೇಲೇರಿದರೆ ನಾನು ಸಾರಿನ ಉಪ್ಪು ನೋಡುತ್ತಿದ್ದೆ, ಎರಡೂ ಏರಿದರೆ ದೇವರ ಕೋಣೆಗೆ ಹೋಗುತ್ತಿದ್ದೆ. ನಾನು ಬಸುರಾಗಿ ಏಳು ತಿಂಗಳಿಗೆ ಕುಬಸದ ಕಾರ್ಯ ಇಟ್ಟುಕೊಂಡರು. ತವರಿನವರು ಹಸಿರು ಸೀರೆ, ಜಂಪರು, ಬುತ್ತಿ ತಂದು ಬಸುರಿಗೆ ಉಡಿ ತುಂಬಿ, ಆಮೇಲೆ ಬಾಣಂತನಕ್ಕೆ ಕರೆದುಕೊಂಡು ಹೋಗುವುದು ರೂಢಿ. ನನಗೆ ಸೀರೆಯೂ ಬೇಡವಾಗಿತ್ತು, ಬುತ್ತಿಯೂ ಬೇಡವಾಗಿತ್ತು. ಚೊಚ್ಚಲ ಹೆರಿಗೆಯ ಹೆದರಿಕೆಯಲ್ಲಿ ನನಗೆ ಬೇಕಾಗಿದ್ದದ್ದು ಚಿಗವ್ವನ ಬಾಜೂಕ್ಕೆ ಮಲಗುವುದೊಂದೇ. ದಿನ ಎಣಿಸುತ್ತಿದ್ದೆ.

ಎಂಟು ದಿನ ಮೊದಲು ಚಿಗವ್ವ ಅತ್ತೆಗೆ ಫೋನು ಮಾಡಿದಳು. "ಅಕ್ಕಾರ, ಬುತ್ತಿ ಜೋಡಿ ನೂರಾ ಒಂದು ತಾಟ ತರಾಕತ್ತೇನಿ. ಅಂಚಿಗೆಲ್ಲಾ ಡಿಸೈನ ಐತ್ರಿ. ಬಂದ ಹೆಣಮಕ್ಕಳಿಗೆಲ್ಲಾ ಒಂದೊಂದ ಕೊಡೂನು."

ಅತ್ತೆ ಫೋನಿಟ್ಟು ನನ್ನ ಕಡೆ ನೋಡಿದರು. ಎರಡೂ ಹುಬ್ಬು ಮೇಲಿದ್ದವು, ಆದರೆ ಅದು ಸಂತೋಷಕ್ಕೆ. "ನಿಮ್ಮ ಚಿಗವ್ವ ನೂರಾ ಒಂದು ತಾಟ ತರ್ತಾಳಂತ. ಖರೇನ?"

ನನ್ನ ತಲೆಯಲ್ಲಿ ಇದ್ದದ್ದು ಒಂದೂವರೆ ಇಂಚಿನ ತಾಟು. "ಖರೇರಿ ಅತ್ತಿ. ಬಾಳ ಚಂದ ಇರ್ತಾವ್ರಿ" ಎಂದುಬಿಟ್ಟೆ.

ಅಲ್ಲಿಗೆ ಮುಗಿಯಿತು. ಅತ್ತೆ ಓಣಿಗೆಲ್ಲ ಹೇಳಿಕೊಂಡು ಬಂದರು. ತಾಯಿಯಿಲ್ಲದ ಹುಡುಗಿಯನ್ನು ತಂದುಕೊಂಡಳು ಎಂದು ಆಡಿಕೊಂಡವರ ಮನೆಗೆ ಎರಡೆರಡು ಸಲ ಹೋದರಂತೆ. ಕುಬಸದ ದಿನ ಪಡಸಾಲೆ ಸಾಲದೆ ಅಂಗಳದಲ್ಲೂ ಜಮಖಾನೆ ಹಾಸಬೇಕಾಯಿತು. ಎಷ್ಟೋ ಹೆಂಗಸರ ಕೈಯಲ್ಲಿ ಮಡಚಿದ ಚೀಲ ಇತ್ತು. ಉಡಿ ತುಂಬುವ ಕಾರ್ಯಕ್ಕೆ ಚೀಲ ಯಾಕೆ ಎಂದು ನಾನು ಯೋಚಿಸುತ್ತಿದ್ದಾಗಲೇ ಚಿಗವ್ವ ಕೊರಳ ಟೇಪಿನ ಸಮೇತ ಬಂದಿಳಿದಳು. ಹೋಳಿಗೆ, ಉಂಡೆ, ಚಪಾತಿ, ಮೊಸರನ್ನದ ಬುತ್ತಿ ಎಲ್ಲ ಒಳಗೆ ಬಂತು. ಹೆಂಗಸರು ಅದನ್ನೆಲ್ಲ ಬಿಟ್ಟು ಬಾಗಿಲ ಕಡೆಯೇ ನೋಡುತ್ತಿದ್ದರು.

"ತಾಟಿನ ಗಾಡಿ ಹಿಂದ ಬರಾಕತ್ತೈತೇನ್ರಿ?" ಎಂದು ಒಬ್ಬಾಕೆ ಕೇಳಿಯೇ ಬಿಟ್ಟಳು.

"ಗಾಡಿ ಯಾಕ ಬೇಕ್ರಿ? ಇಲ್ಲೇ ಅದಾವಲ್ಲ" ಎಂದು ಚಿಗವ್ವ ಒಂದು ಸ್ಟೀಲಿನ ಡಬ್ಬಿ ತೆರೆದಳು. ಎಣಿಸಿ ಜೋಡಿಸಿದ ನೂರಾ ಒಂದು. ಅಂಚಿಗೆ ಡಿಸೈನು ಇತ್ತು, ಅದರಲ್ಲಿ ಸುಳ್ಳಿರಲಿಲ್ಲ.

ಮುಂದೆ ಕೂತವರು ಡಬ್ಬಿಯೊಳಗೆ ಬಗ್ಗಿ ನೋಡಿದರು. ಆಮೇಲೆ ಯಾರೋ ಕಿಸಕ್ಕೆಂದರು, ಅಂಗಳದವರೆಗೂ ನಗು ಹಬ್ಬಿತು. ಚೀಲಗಳು ಸೆರಗಿನೊಳಗೆ ಸೇರಿದವು. ಚಿಗವ್ವನಿಗೆ ಮೊದಲು ತಿಳಿಯಲಿಲ್ಲ. ನಾನು ಕಿವಿಯಲ್ಲಿ ಹೇಳಿದಾಗ ಹಣೆಗೆ ಕೈ ಹಚ್ಚಿಕೊಂಡು ತಾನೂ ನಕ್ಕಳು, ನಕ್ಕು ನಕ್ಕು ಗೋಡೆಗೆ ಒರಗಿ ಕೂತಳು. "ಮದ್ಲ ಬಾಯಾಗ ಇಟ್ಕೋರಿ, ಆಮ್ಯಾಲ ಬೈರಿ" ಎಂದು ಹಂಚಿದಳು. ತಿಂದವರೆಲ್ಲ ಇನ್ನೊಂದಕ್ಕೆ ಕೈ ಚಾಚಿದರು. ಅತ್ತೆ ಮಾತ್ರ ತಿನ್ನಲಿಲ್ಲ, ನಗಲಿಲ್ಲ.

"ಗೋಕಾಕದವರ ತಾಟ ಬಾಳ ದೊಡ್ಡದ ಐತಿ ಬಿಡ್ರಿ" ಎಂದರು. ಮತ್ತೆ ನೆಲ ನೋಡುತ್ತ ಹೇಳಿದರು: "ಬಾಣಂತನ ಇಲ್ಲೇ ಆಗ್ಲಿ. ಇಲ್ಲಿ ದವಾಖಾನಿ ಚಲೋ ಐತಿ."

ಓಣಿಯ ಮುಂದೆ ಅವರ ಮಾನ ಹೋಗಿತ್ತು. ಅದು ನನಗೂ ತಿಳಿಯುತ್ತಿತ್ತು. ಆದರೂ ಚಿಗವ್ವ ಖಾಲಿ ಡಬ್ಬಿ ಹಿಡಿದು ಒಬ್ಬಳೇ ಬಸ್‌ಸ್ಟ್ಯಾಂಡಿನ ಕಡೆ ಹೋದದ್ದನ್ನು ನೋಡಿ ಬಚ್ಚಲಲ್ಲಿ ಕೂತು ಅತ್ತುಬಿಟ್ಟೆ. ಅವ್ವ ಹೋದಾಗ ನನಗೆ ಅಳುವಷ್ಟು ತಿಳಿವಳಿಕೆ ಇರಲಿಲ್ಲ. ಆವತ್ತು ಎರಡನ್ನೂ ಸೇರಿಸಿ ಅತ್ತೆನೆಂದು ಕಾಣುತ್ತದೆ.

ಒಂದು ವಾರಕ್ಕೆ ಚಿಗವ್ವ ಮತ್ತೆ ಬಂದಳು. ಎರಡು ಕೈಯಲ್ಲಿ ಧೋತರದಲ್ಲಿ ಕಟ್ಟಿದ, ಗಾಡಿ ಚಕ್ರದಂಥ ಏನನ್ನೋ ಹಿಡಿದಿದ್ದಳು. ಹಿಂದಿನ ದಿನ ಬೇಕರಿಯವನ ಕೈಕಾಲು ಹಿಡಿದು, ಅವನ ಭಟ್ಟಿಯಲ್ಲಿ, ಮನೆಯ ಉಣ್ಣುವ ತಾಟಿನಲ್ಲೇ ಒಂದು ದೊಡ್ಡ ತಾಟು ಸುಟ್ಟಿದ್ದಳು. ಬಸ್ಸಿನಲ್ಲಿ ಅದಕ್ಕೆ ಬೇರೆಯೇ ಸೀಟು ಹಿಡಿದಳಂತೆ. "ಅದನ್ನ ಮ್ಯಾಲ ಇಡ್ರಿ ಅಕ್ಕಾರ, ಮಂದಿ ಕೂಡಬೇಕು" ಎಂದ ಕಂಡಕ್ಟರನಿಗೆ, "ಮಂದಿ ನಿಂತ್ರ ಒಡಿಯೂದಿಲ್ಲೋ ತಮ್ಮಾ, ಇದು ಒಡೀತೈತಿ" ಎಂದಳಂತೆ. ಘಟಪ್ರಭಾದ ಹತ್ತಿರ ಒಂದು ಹಂಪಿನ ಮೇಲೆ ಬಸ್ಸು ಹಾರಿತು. ಹುಕ್ಕೇರಿಯಲ್ಲಿ ಗಂಟು ಬಿಚ್ಚಿದರೆ ಒಳಗೆ ಮೂರು ತುಂಡು.

ಜೀವಮಾನವೆಲ್ಲ ದೊಡ್ಡದನ್ನು ಹೀಯಾಳಿಸಿದವಳು ಆ ಮೂರು ತುಂಡನ್ನು ಅತ್ತೆಯ ಮುಂದೆ ಸರಿಸಿದಳು. "ಅಕ್ಕಾರ, ನೀವು ಹೇಳಿದ ತಾಟ ಇದ. ಒಂದ ತಂದೇನಿ, ಇನ್ನಾ ನೂರು ಬಾಕಿ ಅದಾವ. ಹುಡಗೀನ ನನ್ನ ಜೋಡಿ ಕಳಸ್ರಿ, ವಾರಕ್ಕೊಂದ ಕಳಸ್ತೇನಿ."

ನೂರು ವಾರವೆಂದರೆ ಕೂಸಿಗೆ ಹಲ್ಲು ಬಂದು, ಮಾತು ಬಂದು, ಓಡಾಡುವಷ್ಟಾಗುತ್ತದೆ. ಅತ್ತೆ ಮನಸ್ಸಿನಲ್ಲೇ ಲೆಕ್ಕ ಹಾಕಿದರೆಂದು ಕಾಣುತ್ತದೆ, ಸೆರಗನ್ನು ಬಾಯಿಗೆ ಒತ್ತಿಕೊಂಡರು. ಒಂದು ಚೂರು ಮುರಿದು ತಿಂದು, "ನಡುವ ಹಸಿ ಉಳದೈತಿ" ಎಂದರು.

"ದೊಡ್ಡದ ಮಾಡಿದ್ರ ಹಂಗ ಆಗತೈತ್ರಿ."

ಆಮೇಲೆ ಅತ್ತೆ ಎಲ್ಲೋ ನೋಡುತ್ತ ಕೇಳಿದರು: "ಆ ಸಣ್ಣವು ತಂದೀರೇನ?"

ಚಿಗವ್ವನ ಚೀಲದಿಂದ ಪುಟ್ಟ ಡಬ್ಬಿ ಹೊರಬಿತ್ತು. ಒಳಗೆ ನಾಲ್ಕಿದ್ದವು. ಅತ್ತೆ ಒಂದು ತಿಂದರು. ಇನ್ನೊಂದು ತಿಂದರು. ಮೂರನೆಯದು ಬಾಯಲ್ಲಿರುವಾಗಲೇ ಒಳಗೆ ಕೂಗಿದರು: "ರೇಣುಕಾ, ಸೀರಿ ಅರಿವಿ ಕಟ್ಟಕೋ."

ಐದು ತಿಂಗಳು ಚಿಗವ್ವ ನನ್ನ ಬಾಣಂತನ ಮಾಡಿದಳು. ಕೂಸು ಹುಟ್ಟಿದ ತಾಸಿನೊಳಗೆ ಟೇಪು ಹಚ್ಚಿ, ನರ್ಸು ಬರೆದ ಅಳತೆ ತಪ್ಪೆಂದು ಜಗಳಾಡಿದಳು. ಬೀಗಿತ್ತಿಯರಿಬ್ಬರೂ ಆಮೇಲೆ ದಿನಾ ಫೋನಿನಲ್ಲಿ ಮಾತಾಡತೊಡಗಿದರು. ಮಾತು ಕಡಿಮೆಯ ನಮ್ಮ ಅತ್ತೆ ಅಷ್ಟು ಹೊತ್ತು ಏನು ಹೇಳುತ್ತಾರೆ ಎಂದು ಕದ್ದು ಕೇಳಿದೆ. ಬರೀ ನನ್ನ ಮೇಲಿನ ದೂರು.

ಹೋದ ವರ್ಷ ಚಿಗವ್ವ ತೀರಿಕೊಂಡಳು. ಮಶೀನಿನ ಮೇಲೆ ಯಾರದೋ ಜಂಪರು ಅರ್ಧ ಹೊಲಿದು ಇಟ್ಟಿದ್ದಳು, ಎರಡೇ ದಿನದ ಜ್ವರ. ಮನೆಗೆ ಬೀಗ ಹಾಕಿ ಬಂದೆವು. ನನಗೀಗ ತವರಿಲ್ಲ ಎಂಬುದು ದಿನವೂ ನೆನಪಾಗುವುದಿಲ್ಲ, ನೆನಪಾದ ದಿನ ಯಾವ ಕೆಲಸಕ್ಕೂ ಕೈ ಹತ್ತುವುದಿಲ್ಲ.

ಈ ಸಲ ಪಂಚಮಿ ಬಂತು. ನಮ್ಮ ಕಡೆ ಹೆಣ್ಣುಮಕ್ಕಳೆಲ್ಲ ತವರಿಗೆ ಹೋಗುವ ಹಬ್ಬ. ಓಣಿಯ ಸೊಸೆಯರು ಒಬ್ಬೊಬ್ಬರೇ ಚೀಲ ಹಿಡಿದು ಹೋಗುವುದನ್ನು ಬಾಗಿಲಲ್ಲಿ ನಿಂತು ನೋಡುತ್ತಿದ್ದೆ. ಹಿಂದಿನಿಂದ ಅತ್ತೆ, "ನಡಿ, ಬಸ್ ಹೋಗತೈತಿ" ಎಂದರು. ಎಲ್ಲಿಗೆ ಎಂದೆ. "ಗೋಕಾಕಕ್ಕ. ಮನಿ ಕಸಾ ಹೊಡೀಬೇಕು, ಧೂಳ ಕುಂತಿರತೈತಿ" ಎಂದರು. ದಾರಿಯುದ್ದಕ್ಕೂ ಬಸ್ಸನ್ನು ಬೈದರು, ಸೀಟನ್ನು ಬೈದರು, ನಾನು ತಂದ ಕೊಡೆಯನ್ನೂ ಬೈದರು.

ಬೀಗ ತೆಗೆದದ್ದು ನಾನು. ಒಳಗೆ ಕಾಲಿಡಹೋದಾಗ ಅತ್ತೆ ನನ್ನ ರಟ್ಟೆ ಹಿಡಿದು ನಿಲ್ಲಿಸಿದರು. "ತಡಿ" ಎಂದು ತಾವೇ ಮೊದಲು ದಾಟಿ ಒಳಗೆ ಹೋದರು. ತಮ್ಮ ಚೀಲದಿಂದ ನೀರಿನ ಬಾಟಲಿ ತೆಗೆದರು, ಕಾಗದದಲ್ಲಿ ಸುತ್ತಿದ ಜೋಳದ ರೊಟ್ಟಿಯ ತುಣುಕು ತೆಗೆದರು. ತವರಿಗೆ ಬಂದ ಮಗಳನ್ನು ಹೊಸ್ತಿಲಲ್ಲಿ ನಿಲ್ಲಿಸಿ ತಾಯಿ ಮಾಡುವ ಹಾಗೆ ರೊಟ್ಟಿಯನ್ನೂ ನೀರನ್ನೂ ನನ್ನ ಮುಖದ ಸುತ್ತ ಮೂರು ಸಲ ನಿವಾಳಿಸಿ ಹೊರಗೆ ಚೆಲ್ಲಿದರು.

"ಬಾ ಮಗಳ" ಎಂದರು. "ಈಗ ಬಂದ್ಯಾ?"